ಬೆವರಿದ ಗಾಜು: ಒಂದು ಅಮೆರಿಕನ್ ಡಗೆರೋಟೈಪಿನ ದುರಸ್ತಿ

ಕೆಲಸಕ್ಕೆ ತೆಗೆದುಕೊಂಡದ್ದು ‘ಆರನೇ ತಗಡು’ ಎಂದು ಕರೆಯುವ ಅಳತೆಯ ಡಗೆರೋಟೈಪ್, ಅಂದರೆ ಬೆಳ್ಳಿ ಹೊದಿಸಿದ ತಾಮ್ರದ ತಗಡಿನ ಮೇಲೆ ಮೂಡಿಸಿದ ಹಳೆಯ ಕಾಲದ ಫೋಟೋ: ಎರಡೂಮುಕ್ಕಾಲು ಇಂಚು ಅಗಲ, ಮೂರೂಕಾಲು ಇಂಚು ಎತ್ತರ. ಚರ್ಮ ಹೊದಿಸಿದ ಮರದ ಕರಡಿಗೆಯೊಳಗೆ ನಡುವಯಸ್ಸಿನ ಮಹಿಳೆಯೊಬ್ಬರ ಭಾವಚಿತ್ರ. ಫಿಲಡೆಲ್ಫಿಯಾದ ಹೊರವಲಯದ ಹಳೆ ಸಾಮಾನಿನ ಸಂತೆಯೊಂದರಲ್ಲಿ ಕೊಂಡದ್ದು. ಮಾರಿದವರ ಲೆಕ್ಕದಲ್ಲಿ ಅದು ಕೆಟ್ಟುಹೋದ ಚಿತ್ರ. ಬೆಲೆಯೂ ಅದಕ್ಕೆ ತಕ್ಕಂತೆಯೇ ಇತ್ತು. ಮುಖವನ್ನೆಲ್ಲ ಮುಚ್ಚಿದ ಬಿಳಿ ಮಂಜು, ಮಂಜಿನ ನಡುವೆ ಸೂಜಿಮೊನೆಯಷ್ಟು ಸಣ್ಣ ಹನಿಗಳು, ಹಿತ್ತಾಳೆ ಚೌಕಟ್ಟಿನ ಅಂಚಿನಿಂದ ಒಳಕ್ಕೆ ಹರಡಿದ ಕಂದು-ನೀಲಿ ಬಣ್ಣದ ಬಳೆ, ಕೀಲು ಹರಿದು ಎರಡು ತುಂಡಾದ ಕರಡಿಗೆ. ಒಂದು ಕೊಂಡಿಯೂ ಕಳೆದುಹೋಗಿತ್ತು.

ಈ ದೋಷಗಳಲ್ಲಿ ಮೊದಲಿನ ಎರಡು ಚಿತ್ರದ ಮೇಲಿಲ್ಲ, ಅದನ್ನು ಮುಚ್ಚಿದ ಗಾಜಿನ ಮೇಲಿವೆ ಎಂಬ ಬಲವಾದ ಗುಮಾನಿ ನನಗೆ ನೋಡಿದೊಡನೆ ಬಂದಿತ್ತು. ಡಗೆರೋಟೈಪುಗಳ ವಿಷಯದಲ್ಲಿ ಇದು ಅಪರೂಪವಲ್ಲ. ಹಾಳಾಗಿದೆ ಎಂದು ಜನ ಮೂಲೆಗೆ ಹಾಕಿದ ಎಷ್ಟೋ ತಗಡುಗಳು ಒಳಗೆ ಚೆನ್ನಾಗಿಯೇ ಇರುತ್ತವೆ. ಆದ್ದರಿಂದ ಈ ದುರಸ್ತಿಗೆ ನಾನು ಹಾಕಿಕೊಂಡ ಕಟ್ಟುಪಾಡು ಒಂದೇ: ತಗಡಿನ ಮುಖವೊಂದನ್ನು ಬಿಟ್ಟು ಬೇರೆ ಯಾವುದನ್ನಾದರೂ ಮುಟ್ಟಬಹುದು.

ಮೊದಲು ಇದು ನಿಜವಾಗಿಯೂ ಡಗೆರೋಟೈಪೇ ಎಂದು ಖಚಿತ ಮಾಡಿಕೊಳ್ಳಬೇಕು. ಇದೇ ಬಗೆಯ ಕರಡಿಗೆಗಳಲ್ಲಿ ಆಂಬ್ರೋಟೈಪ್ ಮತ್ತು ಟಿನ್‌ಟೈಪ್ ಚಿತ್ರಗಳೂ ಬರುತ್ತವೆ. ಆಂಬ್ರೋಟೈಪ್ ಗಾಜಿನ ಮೇಲಿನದು, 1854ರ ಸುಮಾರಿಗೆ ಅಮೆರಿಕದಲ್ಲಿ ಚಾಲ್ತಿಗೆ ಬಂತು. ಟಿನ್‌ಟೈಪಿಗೆ 1856ರಲ್ಲಿ ಪೇಟೆಂಟ್ ಸಿಕ್ಕಿತು. ಅದು ಕಬ್ಬಿಣದ ತಗಡು, ಅಯಸ್ಕಾಂತ ಹಿಡಿದರೆ ಅಂಟುತ್ತದೆ. ಡಗೆರೋಟೈಪಿನದು ಬೆಳ್ಳಿಗನ್ನಡಿ. ಕೈಯಲ್ಲಿ ಓರೆ ಮಾಡಿದಂತೆಲ್ಲ ಚಿತ್ರ ಒಮ್ಮೆ ಸರಿಯಾಗಿ, ಒಮ್ಮೆ ನೆಗೆಟಿವ್ ಆಗಿ ತಿರುಗುತ್ತದೆ, ನಡುವೆ ನೋಡುವವರ ಮುಖವೇ ಅದರಲ್ಲಿ ಕಾಣುತ್ತದೆ. ಅಯಸ್ಕಾಂತ ಅಂಟಲಿಲ್ಲ, ಓರೆ ಮಾಡಿದಾಗ ಮಂಜಿನ ಸಂದಿನಿಂದ ನನ್ನ ಕನ್ನಡಕ ಹೊಳೆಯಿತು. ಅಷ್ಟು ಸಾಕು.

ಇನ್ನು ಬಿಚ್ಚುವ ಮೊದಲಿನ ಫೋಟೋಗಳು. ಕನ್ನಡಿಯ ಚಿತ್ರ ತೆಗೆಯುವ ಕಷ್ಟವೆಲ್ಲ ಇಲ್ಲೂ ಇದೆ. ಕ್ಯಾಮೆರಾವನ್ನು ನೇರವಾಗಿ ಮೇಲೆ ನಿಲ್ಲಿಸಿ, ಲೆನ್ಸಿನಷ್ಟೇ ತೂತು ಕೊರೆದ ಕಪ್ಪು ಮಖಮಲ್ಲಿನ ಹಲಗೆಯನ್ನು ಅದರ ಮುಂದೆ ಕಟ್ಟಿದೆ. ತಗಡಿಗೆ ಎದುರಾಗಿ ಕಪ್ಪು ಇರಬೇಕು, ಬೆಳಕು ಪಕ್ಕದಿಂದ ಬರಬೇಕು. ಆಗ ಮಾತ್ರ ನೆರಳುಗಳು ಕಪ್ಪಾಗಿ, ಬೆಳಕಿನ ಭಾಗಗಳು ಬೆಳ್ಳಗೆ ಮೂಡುತ್ತವೆ. ಕರಡಿಗೆಯ ಹೊರಗು, ಒಳಗು, ಬೆನ್ನು, ಮುಚ್ಚಳದೊಳಗಿನ ಮಖಮಲ್ಲಿನ ದಿಂಬು ಎಲ್ಲದರ ಚಿತ್ರ ತೆಗೆದುಕೊಂಡೆ. ದಿಂಬಿನ ಮೇಲೆ ಸ್ಟುಡಿಯೊ ಹೆಸರೇನಾದರೂ ಒತ್ತಿದೆಯೇ ಎಂದು ಓರೆ ಬೆಳಕಿನಲ್ಲಿ ನೋಡಿದೆ. ನ್ಯೂಯಾರ್ಕಿನ ಮ್ಯಾಥ್ಯೂ ಬ್ರೇಡಿ, ಜೆರೆಮಯಾ ಗರ್ನಿಯಂಥ ದೊಡ್ಡ ಸ್ಟುಡಿಯೊಗಳವರು ಮಖಮಲ್ಲಿನ ಮೇಲೋ ಹಿತ್ತಾಳೆಯ ಮೇಲೋ ತಮ್ಮ ಹೆಸರು ಒತ್ತುತ್ತಿದ್ದರು. ಇಲ್ಲಿ ಬಳ್ಳಿಯ ಚಿತ್ತಾರವಷ್ಟೇ ಇದೆ.

ಹೆಸರಿಲ್ಲದಿರುವುದು ನನಗೆ ನಿರಾಸೆಯ ಸಂಗತಿಯಲ್ಲ. ಅಮೆರಿಕದಲ್ಲಿ ಡಗೆರೋಟೈಪ್ ಬೆಳೆದದ್ದೇ ಹೆಸರಿಲ್ಲದವರ ಕೈಯಲ್ಲಿ. ಅದಕ್ಕೊಂದು ಕಾನೂನಿನ ಕಾರಣವೂ ಇದೆ. ಪ್ಯಾರಿಸಿನಲ್ಲಿ 1839ರ ಆಗಸ್ಟ್ 19ರಂದು ಲೂಯಿ ಡಗೇರ್ ಕಂಡುಹಿಡಿದ ವಿಧಾನದ ವಿವರಗಳನ್ನು ಬಹಿರಂಗಪಡಿಸಲಾಯಿತು; ಫ್ರೆಂಚ್ ಸರ್ಕಾರ ಆತನಿಗೆ ಪಿಂಚಣಿ ಕೊಟ್ಟು ಅದನ್ನು ಎಲ್ಲರಿಗೂ ಮುಕ್ತಗೊಳಿಸಿತ್ತು. ಆದರೂ ಇಂಗ್ಲೆಂಡಿನಲ್ಲಿ ಮಾತ್ರ ಅದಕ್ಕೂ ಕೆಲವೇ ದಿನ ಮುಂಚೆ ಡಗೇರನ ಪರವಾಗಿ ಪೇಟೆಂಟ್ ಪಡೆಯಲಾಗಿತ್ತು. ಅಲ್ಲಿ ಪರವಾನಗಿ ಕೊಳ್ಳದೆ ಸ್ಟುಡಿಯೊ ತೆರೆಯುವಂತಿರಲಿಲ್ಲ. ಅಮೆರಿಕದಲ್ಲಿ ಅಂಥ ಅಡ್ಡಿ ಯಾವುದೂ ಇರಲಿಲ್ಲ. ಗಡಿಯಾರ ರಿಪೇರಿಯವರು, ಹಲ್ಲಿನ ವೈದ್ಯರು, ಶಾಲಾ ಮೇಷ್ಟರು, ಕುದುರೆಗಾಡಿಯಲ್ಲಿ ಊರೂರು ಸುತ್ತುವವರು ಎಲ್ಲರೂ ಇದಕ್ಕೆ ಕೈ ಹಾಕಿದರು. ಗುಲಾಮಗಿರಿ ಇನ್ನೂ ಜಾರಿಯಲ್ಲಿದ್ದ ದೇಶದಲ್ಲಿ ಹಾರ್ಟ್‌ಫರ್ಡಿನ ಅಗಸ್ಟಸ್ ವಾಷಿಂಗ್ಟನ್, ಸಿನ್ಸಿನಾಟಿಯ ಜೇಮ್ಸ್ ಪ್ರೆಸ್ಲಿ ಬಾಲ್ ಎಂಬ ಇಬ್ಬರು ಕಪ್ಪುವರ್ಣೀಯರು ಹೆಸರಾಂತ ಸ್ಟುಡಿಯೊಗಳನ್ನು ನಡೆಸಿದರು. ಗುಲಾಮಗಿರಿಯ ವಿರುದ್ಧ ಹೋರಾಡಿದ ಜಾನ್ ಬ್ರೌನ್ ಬಲಗೈ ಎತ್ತಿ ಪ್ರಮಾಣ ಮಾಡುತ್ತಿರುವಂತೆ ಕಾಣುವ ಡಗೆರೋಟೈಪ್ ತೆಗೆದದ್ದು ಇದೇ ವಾಷಿಂಗ್ಟನ್. 1855ರ ಜೂನಿಗೆ ಮುಗಿದ ಒಂದೇ ವರ್ಷದಲ್ಲಿ ಮ್ಯಾಸಚೂಸೆಟ್ಸ್ ರಾಜ್ಯವೊಂದರಲ್ಲೇ ನಾಲ್ಕು ಲಕ್ಷಕ್ಕೂ ಹೆಚ್ಚು ಡಗೆರೋಟೈಪುಗಳು ತಯಾರಾದವು ಎಂದು ಆ ರಾಜ್ಯದ ಅಂಕಿಅಂಶ ಹೇಳುತ್ತದೆ. ನನ್ನ ಮೇಜಿನ ಮೇಲಿರುವುದು ಅಂಥ ಲಕ್ಷಾಂತರಗಳಲ್ಲಿ ಒಂದು.

ಬಿಚ್ಚುವುದು

ಕರಡಿಗೆಯಿಂದ ಚಿತ್ರದ ಕಟ್ಟನ್ನು ಹೊರಗೆ ತೆಗೆಯುವಾಗ ಚಾಕುವಿನಿಂದ ಮೀಟಬಾರದು. ಮರದ ಗೋಡೆಗೂ ಹಿತ್ತಾಳೆಗೂ ನಡುವೆ ಮಖಮಲ್ಲಿನ ತೆಳು ಪಟ್ಟಿ ಇರುತ್ತದೆ, ಮೀಟಿದರೆ ಅದು ಹರಿಯುತ್ತದೆ, ಹಿತ್ತಾಳೆ ಬಾಗುತ್ತದೆ. ಸಣ್ಣ ರಬ್ಬರ್ ಹೀರುಬಟ್ಟಲೊಂದನ್ನು ಗಾಜಿನ ಮೇಲೆ ಒತ್ತಿ, ನೇರವಾಗಿ ಮೇಲಕ್ಕೆ ಎಳೆದೆ. ಸ್ವಲ್ಪ ಬಿಗಿ ಇತ್ತು. ಒಂದು ಪಕ್ಕವನ್ನು ಕೂದಲೆಳೆಯಷ್ಟು ಎತ್ತಿ, ಆಮೇಲೆ ಇನ್ನೊಂದು ಪಕ್ಕ, ಹೀಗೆ ಸರದಿಯಲ್ಲಿ ಎತ್ತಿದಾಗ ಕಟ್ಟು ಕೈಗೆ ಬಂತು. ಕರಡಿಗೆಯ ತಳದಲ್ಲಿ ಹೆಸರು ಬರೆದ ಚೀಟಿಯೇನಾದರೂ ಇರಬಹುದೆಂದು ನೋಡಿದೆ. ಕೆಲವು ಕರಡಿಗೆಗಳಲ್ಲಿ ಸಿಗುತ್ತದೆ. ಇಲ್ಲಿ ಬರಿಯ ಮರ.

ಅಮೆರಿಕನ್ ಕಟ್ಟಿನ ಪದರಗಳು ಮೇಲಿನಿಂದ ಹೀಗಿರುತ್ತವೆ: ಗಾಜು, ಅದರ ಕೆಳಗೆ ಕಿಟಕಿಯಂತೆ ಕತ್ತರಿಸಿದ ಹಿತ್ತಾಳೆಯ ಮ್ಯಾಟ್, ಅದರ ಕೆಳಗೆ ತಗಡು. ಈ ಮೂರನ್ನೂ ಸುತ್ತಲೂ ಅಂಟು ಸವರಿದ ಕಾಗದದ ಪಟ್ಟಿಯಿಂದ ಬಂಧಿಸಿರುತ್ತಾರೆ. ಅದರ ಮೇಲೆ, ಎಲ್ಲವನ್ನೂ ಅಂಚಿನಲ್ಲಿ ಹಿಡಿದಿಡಲು, ಕಾಗದದಷ್ಟೇ ತೆಳುವಾದ ಹಿತ್ತಾಳೆಯ ಚೌಕಟ್ಟು. ಇದಕ್ಕೆ ಪ್ರಿಸರ್ವರ್ ಎನ್ನುತ್ತಾರೆ. ಪ್ರಿಸರ್ವರ್ ಬಳಕೆಗೆ ಬಂದದ್ದು 1840ರ ದಶಕದ ಕೊನೆಯ ಭಾಗದಲ್ಲಿ. ಅದಕ್ಕಿಂತ ಹಳೆಯ ಕಟ್ಟುಗಳಲ್ಲಿ ಅದು ಇರುವುದಿಲ್ಲ, ಮ್ಯಾಟ್ ಕೂಡ ದಪ್ಪಗೆ, ಒರಟಾಗಿ, ಹೆಚ್ಚಾಗಿ ಎಂಟು ಮೂಲೆಯ ಇಲ್ಲವೇ ಮೊಟ್ಟೆಯಾಕಾರದ ಸರಳ ಕಿಟಕಿಯದಾಗಿರುತ್ತದೆ. ನನ್ನದರಲ್ಲಿ ಪ್ರಿಸರ್ವರ್ ಇದೆ, ಅದರ ಮೇಲೆ ಒತ್ತಿದ ಹೂಬಳ್ಳಿ ಇದೆ, ಮ್ಯಾಟಿನ ಕಿಟಕಿಗೂ ಅಲಂಕಾರವಿದೆ. ಅಂದರೆ 1850ರ ದಶಕದತ್ತ ಕೈ ತೋರಿಸುತ್ತಿದೆ.

ಪ್ರಿಸರ್ವರಿನ ಅಂಚುಗಳು ಹಿಂದಕ್ಕೆ ಮಡಿಚಿಕೊಂಡಿರುತ್ತವೆ. ನೂರೆಪ್ಪತ್ತು ವರ್ಷ ಮಡಿಚಿಯೇ ಇದ್ದ ಹಿತ್ತಾಳೆ ಗಟ್ಟಿಯಾಗಿ, ಪೆಡಸಾಗಿರುತ್ತದೆ. ಪೂರ್ತಿ ಬಿಡಿಸಿದರೆ ಮೂಲೆಯಲ್ಲಿ ಮುರಿಯುವುದು ಖಂಡಿತ. ಮೂಳೆಯಿಂದ ಮಾಡಿದ ಚಪ್ಪಟೆ ಮಡಿಕೆಕಡ್ಡಿಯಿಂದ ಮೂರು ಬದಿಗಳನ್ನು ಮಾತ್ರ ನೇರ ಕೋನಕ್ಕಿಂತ ತುಸು ಹೆಚ್ಚು ಎತ್ತಿ, ನಾಲ್ಕನೆಯದನ್ನು ಹಾಗೆಯೇ ಬಿಟ್ಟು, ಕಟ್ಟನ್ನು ಪಕ್ಕಕ್ಕೆ ಜಾರಿಸಿದೆ.

ಈಗ ಕಾಗದದ ಪಟ್ಟಿ. ಇಲ್ಲಿ ನಿಂತು ಯೋಚಿಸಬೇಕು. ಮೂಲ ಪಟ್ಟಿ ಗಟ್ಟಿಯಾಗಿದ್ದು ಚಿತ್ರ ಚೆನ್ನಾಗಿದ್ದರೆ ಅದನ್ನು ಕತ್ತರಿಸುವ ಹಕ್ಕು ಯಾರಿಗೂ ಇಲ್ಲ ಎಂಬುದು ನನ್ನ ನಿಲುವು. ಚಿತ್ರ ತೆಗೆದವರೇ ಸ್ಟುಡಿಯೊದಲ್ಲಿ ಅಂಟಿಸಿದ ಪಟ್ಟಿ ಅದು. ಇಷ್ಟು ಕಾಲ ಗಾಳಿಯನ್ನೂ ಗಂಧಕವನ್ನೂ ತಡೆದಿದೆ. ಆದರೆ ಇಲ್ಲಿ ಕೆಳಗಿನ ಬದಿಯಲ್ಲಿ ಕಾಗದ ಆಗಲೇ ಬಿರಿದಿತ್ತು, ಎರಡು ಮೂಲೆಗಳಲ್ಲಿ ಉದುರಿತ್ತು, ಒಳಗೆ ಗಾಜು ಹನಿಗೂಡುತ್ತಿತ್ತು. ಹೊಸ ಅಲಗಿನ ಸ್ಕಾಲ್ಪೆಲ್ಲನ್ನು ಗಾಜಿಗೂ ಮ್ಯಾಟಿಗೂ ನಡುವಿನ ಸಂದಿನಲ್ಲಿ ಮಲಗಿಸಿ ಎಳೆದೆ. ಅಲಗಿನ ಮೊನೆ ಎಂದಿಗೂ ತಗಡಿನ ಕಡೆ ಮುಖ ಮಾಡಬಾರದು. ಬಿಡಿಸಿದ ಪಟ್ಟಿಯ ಚೂರುಗಳೆಲ್ಲ ಪುಟ್ಟ ಚೀಲದೊಳಗೆ ಹೋದವು.

ಗಾಜನ್ನು ಎತ್ತಿದ ಗಳಿಗೆಯಲ್ಲಿಯೇ ಗುಮಾನಿ ನಿಜವಾಯಿತು. ಮಂಜೆಲ್ಲ ಗಾಜಿನ ಜೊತೆಯಲ್ಲೇ ಎದ್ದು ಬಂತು. ಕೆಳಗೆ ಉಳಿದದ್ದು ತೀಕ್ಷ್ಣವಾದ ಎರಡು ಕಣ್ಣು, ಕುತ್ತಿಗೆಯ ಸುತ್ತ ಕಸೂತಿಯ ಕಾಲರ್, ಕೆನ್ನೆಗೆ ಹಚ್ಚಿದ ಕೆಂಪಿನ ಪುಡಿ, ಎದೆಯ ಪದಕದ ಮೇಲೆ ಚಿನ್ನದ ಚುಕ್ಕೆ.

ತಗಡು ಹೇಳಿದ್ದು

ತಗಡಿನ ಒಂದು ಮೂಲೆಯಲ್ಲಿ, ಮ್ಯಾಟಿನ ಮರೆಯಲ್ಲಿ, ಸಣ್ಣ ಅಕ್ಷರಗಳ ಮುದ್ರೆ: ಸ್ಕೋವಿಲ್ ಮ್ಯಾನುಫ್ಯಾಕ್ಚರಿಂಗ್ ಕಂಪನಿ, ಎಕ್ಸ್‌ಟ್ರಾ. ಕಾಲ ನಿರ್ಣಯಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಸಿಗುವುದಿಲ್ಲ. ಕನೆಕ್ಟಿಕಟ್ ರಾಜ್ಯದ ವಾಟರ್‌ಬರಿಯ ಸ್ಕೋವಿಲ್ ಮೂಲತಃ ಹಿತ್ತಾಳೆಯ ಗುಂಡಿ ಮಾಡುತ್ತಿದ್ದ ಕಾರ್ಖಾನೆ. ತಾಮ್ರಕ್ಕೆ ಬೆಳ್ಳಿಯ ಹಾಳೆ ಕೂಡಿಸಿ ಉರುಳೆಯಲ್ಲಿ ತೆಳುವಾಗಿ ಎಳೆಯುವ ವಿದ್ಯೆ ಅವರಿಗೆ ಗೊತ್ತಿತ್ತು. ಡಗೆರೋಟೈಪಿಗೆ ಬೇಡಿಕೆ ಎದ್ದಾಗ ಅದೇ ವಿದ್ಯೆಯಿಂದ ತಗಡು ಮಾಡತೊಡಗಿದರು. ಮೊದಲಿನವು ‘ಸ್ಕೋವಿಲ್ಸ್’ ಎಂದಷ್ಟೇ ಗುರುತು ಹೊತ್ತಿರುತ್ತವೆ. ‘ಮ್ಯಾನುಫ್ಯಾಕ್ಚರಿಂಗ್ ಕಂಪನಿ’ ಎಂಬ ಹೆಸರು 1850ರಲ್ಲಿ ಬಂದದ್ದು. ಹಾಗಾಗಿ ಈ ಮಹಿಳೆ ಕ್ಯಾಮೆರಾದ ಮುಂದೆ ಕುಳಿತದ್ದು 1850 ಅಥವಾ ಆನಂತರ, ಡಗೆರೋಟೈಪ್ ಹಿಂದೆ ಸರಿಯತೊಡಗಿದ ಆ ದಶಕದ ಕೊನೆಗಿಂತ ಮುಂಚೆ. ಫ್ರಾನ್ಸಿನಿಂದ ಬರುತ್ತಿದ್ದ ತಗಡುಗಳ ಮೇಲೆ 40 ಎಂಬ ಅಂಕಿ ಇರುತ್ತದೆ: ನಲವತ್ತರಲ್ಲಿ ಒಂದು ಪಾಲು ಬೆಳ್ಳಿ, ಉಳಿದದ್ದು ತಾಮ್ರ. ಇಷ್ಟು ತೆಳುವಾದ ಬೆಳ್ಳಿ ಸಾಲದೆಂದು ಅಮೆರಿಕದ ಅನೇಕ ಸ್ಟುಡಿಯೊಗಳು ಬ್ಯಾಟರಿಯ ನೆರವಿನಿಂದ ಅದರ ಮೇಲೆ ಇನ್ನೊಂದು ಪದರ ಬೆಳ್ಳಿ ಕೂರಿಸುತ್ತಿದ್ದವು.

ಮೂಲೆಗಳನ್ನು ಕತ್ತರಿಸಲಾಗಿದೆ, ಅಂಚುಗಳು ಹಿಂದಕ್ಕೆ ತುಸು ಬಾಗಿವೆ. ಉಜ್ಜುವಾಗ ತಗಡು ಹಿಡಿಕೆಯಲ್ಲಿ ಕದಲದಿರಲು ಮಾಡಿದ ಏರ್ಪಾಡು ಅದು. ಭೂತಗನ್ನಡಿಯಲ್ಲಿ ನೋಡಿದರೆ ಉಜ್ಜಿದ ಗೆರೆಗಳು ಚಿತ್ರಕ್ಕೆ ಅಡ್ಡಡ್ಡವಾಗಿ ಓಡುತ್ತವೆ. ಇದು ಬೇಕೆಂದೇ ಮಾಡಿದ್ದು. ಪಕ್ಕದ ಕಿಟಕಿಯಿಂದ ಬರುವ ಬೆಳಕು ಗೆರೆಗಳ ಉದ್ದಕ್ಕೂ ಹಾಯ್ದು ಹೋಗುತ್ತದೆ, ಅವುಗಳಿಗೆ ತಗುಲಿ ಚೆದುರುವುದಿಲ್ಲ. ನೆರಳಿನ ಕಪ್ಪು ಕಪ್ಪಾಗಿಯೇ ಉಳಿಯುತ್ತದೆ. ಅಮೆರಿಕನ್ನರು ಈ ಉಜ್ಜುವ ಕೆಲಸಕ್ಕೆ ಕೊಟ್ಟ ಮಹತ್ವ ಅಸಾಧಾರಣ. ಬಾಸ್ಟನ್ನಿನ ಜಾನ್ ಆಡಮ್ಸ್ ವಿಪ್ಪಲ್ ತನ್ನ ಸ್ಟುಡಿಯೊದಲ್ಲಿ ಉಜ್ಜುವ ಚಕ್ರಗಳನ್ನು ತಿರುಗಿಸಲು ಉಗಿಯಂತ್ರವನ್ನೇ ಇಟ್ಟಿದ್ದ. 1851ರಲ್ಲಿ ಲಂಡನ್ನಿನ ಮಹಾಪ್ರದರ್ಶನದಲ್ಲಿ ಬ್ರೇಡಿ, ಮಾರ್ಟಿನ್ ಲಾರೆನ್ಸ್, ವಿಪ್ಪಲ್ ಮೂವರಿಗೂ ಪದಕ ಬಂತು. ವಿಪ್ಪಲ್‌ಗೆ ಬಂದದ್ದು ಹಾರ್ವರ್ಡ್ ವೀಕ್ಷಣಾಲಯದ ದೊಡ್ಡ ದೂರದರ್ಶಕದಲ್ಲಿ ತೆಗೆದ ಚಂದ್ರನ ಡಗೆರೋಟೈಪಿಗೆ. ಹುಟ್ಟಿದ ದೇಶಕ್ಕಿಂತ ಈ ಕಲೆ ಅಮೆರಿಕದಲ್ಲಿ ಹೆಚ್ಚು ಹೊಳೆಯಿತು ಎಂದರೆ ಅದರಲ್ಲಿ ಉತ್ಪ್ರೇಕ್ಷೆಯಿಲ್ಲ.

ಕಾಲರಿನ ಕಸೂತಿ ಬಿಳಿಯಾಗಿಲ್ಲ, ತಿಳಿನೀಲಿಯಾಗಿದೆ. ಇದು ಕೊಳೆಯೂ ಅಲ್ಲ, ಬಣ್ಣವೂ ಅಲ್ಲ. ಬೆಳಕು ಬೇಕಾದದ್ದಕ್ಕಿಂತ ಹೆಚ್ಚಾಗಿ ಬಿದ್ದ ಭಾಗ ಡಗೆರೋಟೈಪಿನಲ್ಲಿ ಹೀಗೆ ನೀಲಿಗೆ ತಿರುಗುತ್ತದೆ. ಮುಖಕ್ಕೆ ಸರಿಯಾದಷ್ಟು ಬೆಳಕು ಕೊಟ್ಟರೆ ಬಿಳಿ ಬಟ್ಟೆಗೆ ಅತಿಯಾಗುತ್ತಿತ್ತು, ಆದ್ದರಿಂದಲೇ ಸ್ಟುಡಿಯೊದವರು ಗಾಢ ಬಣ್ಣದ ಉಡುಪು ಧರಿಸಿ ಬರಲು ಹೇಳುತ್ತಿದ್ದರು. ಉಂಗುರ ಬಲಗೈಯಲ್ಲಿ ಇರುವಂತೆ ಕಾಣುತ್ತದೆ, ನಿಜದಲ್ಲಿ ಅದು ಎಡಗೈ. ಲೆನ್ಸಿನಿಂದ ನೇರವಾಗಿ ತಗಡಿನ ಮೇಲೆ ಬಿದ್ದ ಚಿತ್ರ ಎಡಬಲ ತಿರುಗಿಯೇ ಇರುತ್ತದೆ. ನ್ಯೂಯಾರ್ಕಿನ ಅಲೆಕ್ಸಾಂಡರ್ ವೋಲ್ಕಾಟ್ ಈ ತಿರುವನ್ನು ತಪ್ಪಿಸಿದ್ದ: ಲೆನ್ಸಿನ ಬದಲು ಒಳಬಾಗಿದ ಕನ್ನಡಿಯಿಟ್ಟ ಕ್ಯಾಮೆರಾ ಕಟ್ಟಿ 1840ರ ಮೇ 8ರಂದು ಪೇಟೆಂಟ್ ಪಡೆದ. ಛಾಯಾಗ್ರಹಣಕ್ಕೆ ಅಮೆರಿಕ ಕೊಟ್ಟ ಮೊದಲ ಪೇಟೆಂಟ್ ಅದು. ಕನ್ನಡಿ ಹೆಚ್ಚು ಬೆಳಕನ್ನು ಕೂಡಿಸುತ್ತಿದ್ದುದರಿಂದ ಮನುಷ್ಯರ ಮುಖ ತೆಗೆಯಲು ಸಾಧ್ಯವಾಯಿತು, ಆದರೆ ತಗಡು ಬಹಳ ಚಿಕ್ಕದಿರಬೇಕಿತ್ತು.

ಚಿತ್ರ ಮೂಡುವ ಬಗೆಯನ್ನು ಇಲ್ಲಿ ಹೇಳಲೇಬೇಕು, ಏಕೆಂದರೆ ಮುಂದಿನ ನನ್ನ ನಿರ್ಧಾರಗಳೆಲ್ಲ ಅದರ ಮೇಲೆ ನಿಂತಿವೆ. ಕನ್ನಡಿಯಂತೆ ಉಜ್ಜಿದ ಬೆಳ್ಳಿಯನ್ನು ಅಯೋಡಿನ್ ಆವಿಗೆ ಹಿಡಿದರೆ ಅದರ ಮೇಲೆ ಬೆಳಕಿಗೆ ಸ್ಪಂದಿಸುವ ಬೆಳ್ಳಿ ಅಯೋಡೈಡಿನ ತೆಳುಪದರ ಬರುತ್ತದೆ. ಅದಕ್ಕೆ ಬ್ರೋಮಿನ್ ಆವಿಯನ್ನೂ ತಾಗಿಸಿದರೆ ವೇಗ ಎಷ್ಟೋ ಪಟ್ಟು ಹೆಚ್ಚುತ್ತದೆ. ಇದನ್ನು ಅಮೆರಿಕದಲ್ಲಿ ಮೊದಲು ಬಳಕೆಗೆ ತಂದವರಲ್ಲಿ ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದ ಪಾಲ್ ಬೆಕ್ ಗೊಡಾರ್ಡ್ ಪ್ರಮುಖ. ಕ್ಯಾಮೆರಾದಲ್ಲಿ ಬೆಳಕು ಬಿದ್ದ ಮೇಲೆ ತಗಡನ್ನು ಬಿಸಿ ಪಾದರಸದ ಆವಿಯ ಮೇಲೆ ಹಿಡಿಯುತ್ತಾರೆ. ಬೆಳಕು ತಾಗಿದ ಕಡೆಯಲ್ಲೆಲ್ಲ ಪಾದರಸವೂ ಬೆಳ್ಳಿಯೂ ಕೂಡಿ ಕಣ್ಣಿಗೆ ಕಾಣದಷ್ಟು ಸಣ್ಣ ಕಣಗಳಾಗಿ ಕೂರುತ್ತವೆ. ಆ ಕಣಗಳು ಬೆಳಕನ್ನು ಚೆದುರಿಸುವುದರಿಂದ ಬೆಳ್ಳಗೆ ಕಾಣುತ್ತವೆ. ಕಣಗಳಿಲ್ಲದ ಕಡೆ ಬರಿಯ ಕನ್ನಡಿ, ಅದೇ ನೆರಳು. ಉಳಿದ ಅಯೋಡೈಡನ್ನು ಹೈಪೊ ದ್ರಾವಣದಲ್ಲಿ ತೊಳೆಯುತ್ತಾರೆ. ಕೊನೆಗೆ 1840ರಲ್ಲಿ ಫ್ರಾನ್ಸಿನ ಹಿಪ್ಪೊಲಿಟ್ ಫಿಜೊ ಕಂಡುಹಿಡಿದ ಚಿನ್ನದ ಲೇಪ: ತಗಡಿನ ಮೇಲೆ ಚಿನ್ನದ ಕ್ಲೋರೈಡ್ ಬೆರೆತ ದ್ರಾವಣ ಸುರಿದು ಕೆಳಗಿನಿಂದ ದೀಪದಲ್ಲಿ ಕಾಯಿಸಿದರೆ ಕಣಗಳು ತುಸು ಗಟ್ಟಿಯಾಗಿ ನಿಲ್ಲುತ್ತವೆ, ಬಣ್ಣಕ್ಕೂ ಬೆಚ್ಚನೆಯ ಕಳೆ ಬರುತ್ತದೆ. ಈ ತಗಡಿನ ಕಂದುಛಾಯೆ ನೋಡಿದರೆ ಲೇಪ ಆಗಿರುವುದು ಸ್ಪಷ್ಟ.

ಲೇಪವಿದ್ದರೂ ಬೆರಳು ಎಳೆದರೆ ಗೀರು ಬೀಳುತ್ತದೆ. ನಮ್ಮ ಮನೆಗಳಲ್ಲಿ ಕುಂಕುಮದ ಬೆಳ್ಳಿ ಭರಣಿ ಕಪ್ಪಾದರೆ ವಿಭೂತಿ ಹಚ್ಚಿ ಉಜ್ಜುತ್ತೇವೆ, ಗಳಿಗೆಯಲ್ಲಿ ಫಳಫಳ ಹೊಳೆಯುತ್ತದೆ. ಆ ಕೈಯಭ್ಯಾಸವೇ ಇಲ್ಲಿ ಯಮ. ಭರಣಿಯಲ್ಲಿ ಕಪ್ಪಿನ ಕೆಳಗೆ ಬೆಳ್ಳಿಯಿದೆ, ಇಲ್ಲಿ ಕಪ್ಪಿನ ಜೊತೆಯಲ್ಲೇ ಮುಖವಿದೆ. ಉಜ್ಜಿದರೆ ಎರಡೂ ಹೋಗಿ ಬರಿಯ ಕನ್ನಡಿ ಉಳಿಯುತ್ತದೆ. ಹೀಗೆ ಉಜ್ಜಿ ಅಳಿಸಿದ ತಗಡುಗಳನ್ನು ಸಂತೆಗಳಲ್ಲಿ ಈಗಲೂ ನೋಡುತ್ತೇನೆ. ನಡುವೆ ಒಂದು ಗುಂಡನೆಯ ಶೂನ್ಯ, ಸುತ್ತ ಯಾರದೋ ಭುಜ.

ಉಜ್ಜದೆ ರಸಾಯನದಲ್ಲಿ ಅದ್ದಬಹುದಲ್ಲ ಎಂದು ಕೇಳುವವರಿದ್ದಾರೆ. ಅಂಚಿನಿಂದ ಹಬ್ಬಿದ ಕಂದು, ಕೆಂಪು, ನೀಲಿ ಬಳೆ ಬೆಳ್ಳಿ ಸಲ್ಫೈಡಿನ ಪದರ. ಪದರದ ದಪ್ಪ ಬದಲಾದಂತೆ ಬಣ್ಣ ಬದಲಾಗುತ್ತದೆ. 20ನೇ ಶತಮಾನದ ನಡುಭಾಗದಲ್ಲಿ ಥಯೊಯೂರಿಯಾ ಮತ್ತು ಆಮ್ಲದ ದ್ರಾವಣ ಇದಕ್ಕೆ ದಿವ್ಯೌಷಧವೆಂದು ಹೆಸರಾಗಿತ್ತು. ವಸ್ತುಸಂಗ್ರಹಾಲಯಗಳೂ ಬಳಸಿದವು. ಆಮೇಲೆ ಅದು ಬೆಳ್ಳಿಯನ್ನು ಕೊರೆಯುತ್ತದೆ, ತೊಳೆದರೂ ಹೋಗದ ಶೇಷವನ್ನು ಬಿಟ್ಟು ಹೋಗುತ್ತದೆ ಎಂದು ತಿಳಿಯಿತು. ಬಾಸ್ಟನ್ನಿನ ಸೌತ್‌ವರ್ತ್ ಮತ್ತು ಹಾಸ್ ಜೋಡಿ ಅಮೆರಿಕದ ಅತ್ಯುತ್ತಮ ಡಗೆರೋಟೈಪುಗಳನ್ನು ತೆಗೆದವರು. ಅವರ ತಗಡುಗಳ ಪ್ರದರ್ಶನ 2005ರಲ್ಲಿ ನ್ಯೂಯಾರ್ಕಿನಲ್ಲಿ ನಡೆದಾಗ ಕೆಲವು ತಗಡುಗಳು ಪ್ರದರ್ಶನದ ಬೆಳಕಿನಲ್ಲೇ ಬಿಳಿ ಮುಸುಕು ಹೊದ್ದವು. ಬೆಳ್ಳಿಯ ಮೈಗೆ ಕ್ಲೋರೈಡ್ ಸೇರಿದ್ದರೆ ಬೆಳಕೂ ಅದನ್ನು ಕೆಡಿಸಬಲ್ಲದು ಎಂದು ಎಲ್ಲರೂ ಬೆಚ್ಚಿದರು. ಪರಿಣತರ ಪ್ರಯೋಗಾಲಯಗಳೇ ಇಷ್ಟು ಎಚ್ಚರವಾಗಿರುವಾಗ ಮನೆಯ ಮೇಜಿನ ಮೇಲೆ ಬಟ್ಟಲಿಟ್ಟು ಅದ್ದುವುದು ಸಲ್ಲದು. ಇನ್ನೂ ಒಂದು ಕಾರಣವಿದೆ. ಕೆನ್ನೆಯ ಕೆಂಪು ಒಣ ಬಣ್ಣದ ಪುಡಿ, ಕುಂಚದಲ್ಲಿ ಅಥವಾ ಉಸಿರಿನ ತೇವದಲ್ಲಿ ಕೂರಿಸಿದ್ದು. ದ್ರಾವಣ ತಾಗಿದರೆ ಅದು ತೇಲಿ ಹೋಗುತ್ತದೆ.

ಆದ್ದರಿಂದ ತಗಡಿಗೆ ನಾನು ಮಾಡಿದ ಚಿಕಿತ್ಸೆ: ರಬ್ಬರ್ ಬಲ್ಬಿನಿಂದ ಓರೆಯಾಗಿ ಗಾಳಿ ಊದಿ ಧೂಳು ಹಾರಿಸಿದ್ದು. ಅಷ್ಟೇ. ಬಾಯಿಯಿಂದ ಊದಬಾರದು, ಎಂಜಲಿನ ಸೂಕ್ಷ್ಮ ಹನಿಯೂ ಕಲೆಯಾಗಿ ಉಳಿಯುತ್ತದೆ. ಬಳೆ ಹಾಗೆಯೇ ಇದೆ.

ಗಾಜು, ಮುದ್ರೆ, ಕೀಲು

ಹಳೆಯ ಗಾಜಿನ ಒಳಮೈಗೆ ತೇವ ಮಾಡಿದ ಪಿಎಚ್ ಕಾಗದ ಒತ್ತಿದಾಗ ಅದು ನೀಲಿಗೆ ತಿರುಗಿತು. ಕ್ಷಾರ. ಆ ಕಾಲದ ಅಗ್ಗದ ಗಾಜಿನಲ್ಲಿ ಸೋಡಾ ಹೆಚ್ಚು, ಸುಣ್ಣ ಕಡಿಮೆ. ಗಾಳಿಯ ತೇವ ತಗುಲಿದಂತೆಲ್ಲ ಸೋಡಿಯಂ ಗಾಜಿನೊಳಗಿಂದ ಮೇಲಕ್ಕೆ ಬರುತ್ತದೆ, ಅದು ಇನ್ನಷ್ಟು ತೇವ ಹೀರುತ್ತದೆ, ಕೊನೆಗೆ ಗಾಜು ಬೆವರುತ್ತದೆ. ಆ ಕ್ಷಾರದ ಹನಿ ಮ್ಯಾಟಿನ ಮೇಲೆ ಬಿದ್ದರೆ ಹಸಿರು ಕಿಲುಬು, ತಗಡಿನ ಮೇಲೆ ಬಿದ್ದರೆ ವಾಸಿಯಾಗದ ಚುಕ್ಕೆ. ಎಡಭುಜದ ಮೇಲೆ ಅಂಥ ಚುಕ್ಕೆಗಳು ಕೆಲವು ಆಗಲೇ ಬಿದ್ದಿವೆ. ಇಂಥ ಗಾಜನ್ನು ತೊಳೆದು ಮತ್ತೆ ಹಾಕಿದರೆ ಕೆಲವು ಕಾಲ ಸ್ವಚ್ಛವಾಗಿ ಕಂಡು ಮತ್ತೆ ಬೆವರುತ್ತದೆ. ಮೂಲದ ಗಾಜು ಉಳಿಯಲಿ ಎಂಬ ಅಕ್ಕರೆ ನನಗೂ ಇದೆ, ಆದರೆ ಅದು ತಗಡಿನ ಮೇಲೆಯೇ ಇರಬೇಕಾಗಿಲ್ಲ.

ಹೊಸದಕ್ಕೆ ಆರಿಸಿಕೊಂಡದ್ದು ಬೋರೊಸಿಲಿಕೇಟ್ ಗಾಜು, ಪ್ರಯೋಗಾಲಯದ ಪಾತ್ರೆಗಳ ಜಾತಿಯದು. ಕ್ಷಾರ ಬಿಡುವುದು ತೀರಾ ಕಡಿಮೆ. ದಪ್ಪ ಹಳೆಯದಕ್ಕಿಂತ ತುಸು ಕಡಿಮೆಯಿರುವಂತೆ ನೋಡಿಕೊಂಡೆ, ಏಕೆಂದರೆ ನಡುವೆ ಇನ್ನೊಂದು ಪದರ ಸೇರಿಸುವುದಿತ್ತು, ಕಟ್ಟು ಮಾತ್ರ ಅದೇ ಕರಡಿಗೆಯಲ್ಲಿ ಕೂರಬೇಕು. ಅಳತೆಯನ್ನು ಹಳೆಯ ಗಾಜಿನಿಂದ ತೆಗೆದುಕೊಂಡೆ. ಆ ಕಾಲದ ಗಾಜುಗಳು ಎಂದೂ ಸರಿಯಾದ ಆಯತವಾಗಿರುವುದಿಲ್ಲ. ಕಾರ್ಬೈಡ್ ಚಕ್ರದ ಕತ್ತರಿಯಿಂದ ಒಂದೇ ಗೀರು, ಮುರಿತ. ಅಂಚುಗಳನ್ನು ನೀರಿನಲ್ಲಿ ನೆನೆಸಿದ ಮರಳುಕಾಗದದಲ್ಲಿ ನಯ ಮಾಡಿದೆ. ಸೌಮ್ಯ ಮಾರ್ಜಕ, ಆಮೇಲೆ ಭಟ್ಟಿ ಇಳಿಸಿದ ನೀರು, ಕೊನೆಗೆ ಶುದ್ಧ ಆಲ್ಕೊಹಾಲ್. ಕೈಗವಸಿಲ್ಲದೆ ಮುಟ್ಟಲಿಲ್ಲ.

ಮ್ಯಾಟಿನ ಹಸಿರು ಕಿಲುಬನ್ನು ಮರದ ಕಡ್ಡಿಯ ಮೊನೆಯಿಂದ ಕೆದಕಿ ತೆಗೆದೆ, ಧೂಳನ್ನು ಮೃದು ಕುಂಚದಿಂದ ಗುಡಿಸಿದೆ. ಹಿತ್ತಾಳೆ ಪಾಲಿಶ್ ಹಾಕಲಿಲ್ಲ. ಅದರ ಮೇಲಿನ ಮೆರುಗು ತೆಳುವಾದ ಲೇಪದ್ದು, ಪಾಲಿಶ್ ಅದನ್ನು ತಿಂದು ಹಾಕುತ್ತದೆ, ಪಾಲಿಶಿನ ಶೇಷ ತಗಡಿಗೂ ಕೇಡು. ಮ್ಯಾಟಿಗೂ ತಗಡಿಗೂ ನಡುವೆ, ಮ್ಯಾಟಿನ ಕಿಟಕಿಗಿಂತ ಕೂದಲೆಳೆ ಅಗಲವಾದ ಕಿಟಕಿ ಕೊರೆದ ಪಾಲಿಯೆಸ್ಟರ್ ಹಾಳೆಯನ್ನು ಇಟ್ಟೆ. ಈಗ ಹಿತ್ತಾಳೆ ಬೆಳ್ಳಿಯನ್ನು ನೇರವಾಗಿ ಮುಟ್ಟುವುದಿಲ್ಲ. ಎದುರಿನಿಂದ ನೋಡಿದರೆ ಆ ಹಾಳೆ ಕಾಣಿಸುವುದೂ ಇಲ್ಲ.

ಗಾಜು, ಮ್ಯಾಟ್, ಹಾಳೆ, ತಗಡು ಒಂದರ ಮೇಲೊಂದು ಸರಿಯಾಗಿ ಕೂತ ಮೇಲೆ ಅಂಚಿನಿಂದ ಗಾಳಿ ಒಳಹೋಗದಂತೆ ಮುದ್ರೆ ಹಾಕುವ ಕೆಲಸ. ಆಮ್ಲರಹಿತವಾದ ಫಿಲ್ಮೊಪ್ಲಾಸ್ಟ್ ಪಿ-90 ಕಾಗದದ ಟೇಪನ್ನು ಸಣ್ಣ ಪಟ್ಟಿಗಳಾಗಿ ಸೀಳಿಕೊಂಡೆ. ಗಾಜಿನ ಮೇಲೆ ಒಂದೆರಡು ಮಿಲಿಮೀಟರ್ ಮಾತ್ರ ಬರಬೇಕು, ಇಲ್ಲದಿದ್ದರೆ ಪ್ರಿಸರ್ವರಿನ ಒಳಗಿನಿಂದ ಇಣುಕುತ್ತದೆ. ಒಂದೊಂದು ಬದಿಗೂ ಒಂದು ಪಟ್ಟಿ, ಮೂಲೆಗಳಲ್ಲಿ ಒಂದರ ಮೇಲೊಂದು ಮಡಿಕೆ, ಮಡಿಕೆಕಡ್ಡಿಯಿಂದ ಒತ್ತಿದ್ದು. ಈ ಮುದ್ರೆಯೇ ಇಡೀ ದುರಸ್ತಿಯ ಜೀವ. ಮುದ್ರೆ ಗಟ್ಟಿಯಿದ್ದರೆ ಗಾಳಿಯ ಗಂಧಕ ಒಳಗೆ ಹೋಗುವುದಿಲ್ಲ, ಬಳೆ ಬೆಳೆಯುವ ವೇಗ ತಗ್ಗುತ್ತದೆ. ಆಮೇಲೆ ಪ್ರಿಸರ್ವರಿನ ಬದಿಗಳನ್ನು ಮೊದಲಿನ ಮಡಿಕೆಯಲ್ಲೇ ಹಿಂದಕ್ಕೆ ತಂದೆ. ಪೂರ್ತಿ ಒತ್ತದೆ, ಹಿಡಿದು ನಿಲ್ಲುವಷ್ಟು ಮಾತ್ರ.

ಕರಡಿಗೆಯ ಹರಿದ ಕೀಲಿಗೆ ಜಪಾನಿ ಕಾಗದ ಮತ್ತು ಗೋಧಿಪಿಷ್ಟದ ಅಂಟು. ಕಾಗದವನ್ನು ಮೊದಲೇ ಹಳೆಯ ಚರ್ಮದ ಕಂದು ಬಣ್ಣಕ್ಕೆ ಹೊಂದಿಸಿ ಬಳಿದು ಒಣಗಿಸಿದ್ದೆ. ಕತ್ತರಿಯಿಂದ ಕತ್ತರಿಸದೆ, ನೀರಿನ ಗೆರೆ ಎಳೆದು ಹರಿದರೆ ಅಂಚಿನ ನಾರುಗಳು ಚರ್ಮದೊಳಗೆ ಬೆರೆತುಹೋಗುತ್ತವೆ. ಹೊರಗೊಂದು ಪಟ್ಟಿ, ಒಳಗೊಂದು ಪಟ್ಟಿ. ಒಣಗುವವರೆಗೆ ಕರಡಿಗೆಯನ್ನು ಅರ್ಧ ತೆರೆದು ನಿಲ್ಲಿಸಬೇಕು. ಮುಚ್ಚಿ ಒಣಗಿಸಿದರೆ ಆಮೇಲೆ ತೆರೆಯುವಾಗ ಹರಿಯುತ್ತದೆ. ಕಳೆದುಹೋದ ಕೊಂಡಿಗೆ ಬದಲಿ ಹಾಕಲಿಲ್ಲ. ಉಳಿದ ಒಂದು ಕೊಂಡಿ ಮುಚ್ಚಳವನ್ನು ಹಿಡಿಯುತ್ತದೆ, ಹೊಸದನ್ನು ಬಡಿಯಲು ಹೋದರೆ ಹಳೆಯ ಮರ ಸೀಳಬಹುದು. 1854ರಲ್ಲಿ ನ್ಯೂಹೇವನ್ನಿನ ಸ್ಯಾಮ್ಯುಯೆಲ್ ಪೆಕ್ ಅರಗು ಮತ್ತು ಮರದ ಪುಡಿಯನ್ನು ಬೆರೆಸಿ ಅಚ್ಚೊತ್ತಿದ ಗಟ್ಟಿ ಕರಡಿಗೆಗಳನ್ನು ಪೇಟೆಂಟ್ ಮಾಡಿ ಮಾರಿದ. ಅವು ಚೆಲುವಾದವು, ಆದರೆ ಬಿದ್ದರೆ ಒಡೆದುಹೋಗುತ್ತವೆ, ಜೋಡಿಸುವುದು ಕಷ್ಟ. ಮರ ಮತ್ತು ಚರ್ಮದ ಈ ಸಾಧಾರಣ ಕರಡಿಗೆಯನ್ನು ರಿಪೇರಿ ಮಾಡಬಹುದು ಎನ್ನುವುದೇ ನನಗೆ ಅದರ ಮೇಲಿನ ಪ್ರೀತಿ.

ಹೊಸ ಗಾಜಿನ ಮೂಲಕ ಮತ್ತೆ ಚಿತ್ರ ತೆಗೆದು, ಪರದೆಯ ಮೇಲೆ ಹಿಗ್ಗಿಸಿ ನೋಡಿದೆ. ಡಗೆರೋಟೈಪಿನಲ್ಲಿ ಫಿಲ್ಮಿನ ಕಾಳುಗಳಿಲ್ಲ. ಹಿಗ್ಗಿಸಿದಷ್ಟೂ ವಿವರ ಹೊರಬರುತ್ತದೆ. ಸಿನ್ಸಿನಾಟಿಯ ನದಿದಂಡೆಯನ್ನು 1848ರಲ್ಲಿ ಚಾರ್ಲ್ಸ್ ಫಾಂಟೇನ್ ಮತ್ತು ವಿಲಿಯಂ ಪೋರ್ಟರ್ ಎಂಟು ತಗಡುಗಳಲ್ಲಿ ಸೆರೆಹಿಡಿದಿದ್ದರು. ಅವನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದವರಿಗೆ ಗೋಪುರದ ಗಡಿಯಾರದ ಮುಳ್ಳುಗಳು ಓದಲು ಸಿಕ್ಕವು. ನನ್ನ ತಗಡಿನಲ್ಲಿ ಕಸೂತಿಯ ಒಂದೊಂದು ನೂಲಿನ ಗಂಟೂ ಎಣಿಸಬಹುದು. ಕಣ್ಣಿನ ಪಾಪೆಯಲ್ಲಿ ಚೌಕಾಕಾರದ ಬೆಳಕಿನ ಚುಕ್ಕೆಯಿದೆ: ಸ್ಟುಡಿಯೊದ ದೊಡ್ಡ ಕಿಟಕಿ. ತಲೆ ಅಲುಗದಂತೆ ಹಿಂದಿನಿಂದ ಹಿಡಿದ ಕಬ್ಬಿಣದ ಆಸರೆ ಕಾಣುವುದಿಲ್ಲ. ಆದರೆ ಕುತ್ತಿಗೆಯ ಬಿಗಿ ಅದನ್ನು ಹೇಳುತ್ತದೆ.

ಈ ಕೆಲಸವೆಲ್ಲ ನಡೆದ ಊರಿಗೂ ಈ ಕಲೆಗೂ ಹಳೆಯ ನಂಟಿದೆ, ಅದನ್ನು ಬರೆಯದೆ ಬಿಡಲಾರೆ. 1839ರ ಅಕ್ಟೋಬರಿನಲ್ಲಿ ಫಿಲಡೆಲ್ಫಿಯಾದ ಟಂಕಸಾಲೆಯಲ್ಲಿದ್ದ ಜೋಸೆಫ್ ಸ್ಯಾಕ್ಸ್‌ಟನ್ ಟಂಕಸಾಲೆಯ ಹತ್ತಿರದಿಂದ ಸೆಂಟ್ರಲ್ ಹೈಸ್ಕೂಲಿನ ಗೋಪುರದ ಚಿತ್ರ ತೆಗೆದ. ಇಂದಿಗೂ ಉಳಿದಿರುವ ಅತ್ಯಂತ ಹಳೆಯ ಅಮೆರಿಕನ್ ಡಗೆರೋಟೈಪುಗಳಲ್ಲಿ ಅದು ಒಂದು. ಬೆಳ್ಳಿ ಲೇಪದ ತಗಡಿಗಾಗಿ ಸ್ಯಾಕ್ಸ್‌ಟನ್ ಹೋದದ್ದು ದೀಪ ತಯಾರಿಸುವ ಮನೆತನದ ರಾಬರ್ಟ್ ಕಾರ್ನೀಲಿಯಸ್ ಬಳಿಗೆ. ಬೆಳ್ಳಿ ಉಜ್ಜುವುದರಲ್ಲಿ ಪಳಗಿದ್ದ ಕಾರ್ನೀಲಿಯಸ್‌ಗೆ ಈ ಹೊಸ ವಿದ್ಯೆ ಹಿಡಿಸಿತು. ಅದೇ ವರ್ಷ ತನ್ನದೇ ಚಿತ್ರ ತೆಗೆದುಕೊಂಡ: ಕೆದರಿದ ಕೂದಲು, ಕಟ್ಟಿದ ಕೈ, ಚೌಕಟ್ಟಿನ ನಡುವಿನಿಂದ ಪಕ್ಕಕ್ಕೆ ಸರಿದ ಮುಖ. ಅದು ಈಗ ವಾಷಿಂಗ್ಟನ್ನಿನ ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿದೆ. ಗೊಡಾರ್ಡನ ಬ್ರೋಮಿನ್ ನೆರವಿನಿಂದ ಆತ 1840ರಲ್ಲಿ ಊರಿನಲ್ಲಿ ಸ್ಟುಡಿಯೊ ತೆರೆದ, ಕೆಲವೇ ವರ್ಷಗಳಲ್ಲಿ ಮುಚ್ಚಿ ದೀಪದ ಕಸುಬಿಗೆ ಮರಳಿದ. ಬೆಳ್ಳಿ ಉಜ್ಜುವ ಕೈಗಳಿಂದಲೇ ಅಮೆರಿಕದ ಭಾವಚಿತ್ರಕಲೆ ಶುರುವಾಯಿತು ಎಂಬುದು ನನಗೆ ತುಂಬ ಇಷ್ಟವಾದ ಸಂಗತಿ.

ಮುಂದೆ ಈ ಕಟ್ಟನ್ನು ಬಿಚ್ಚುವವರಿಗಾಗಿ ಕೊನೆಯ ವಿವರಗಳು. ಕರಡಿಗೆಯನ್ನು ಆಮ್ಲರಹಿತ ರಟ್ಟಿನ ಪೆಟ್ಟಿಗೆಯಲ್ಲಿ ಮಲಗಿಸಿ ಇಟ್ಟಿದ್ದೇನೆ. ಜಾಗ ತಂಪಾಗಿ, ಒಣಗಿ, ಅಡುಗೆಮನೆಯಿಂದಲೂ ರಬ್ಬರ್ ಸಾಮಾನಿನಿಂದಲೂ ದೂರವಿದೆ, ಎರಡೂ ಗಂಧಕದ ಮೂಲಗಳು. ತಗಡಿನ ಮೇಲಿನ ಸ್ಕೋವಿಲ್ ಮುದ್ರೆ, ಹಾಕಿದ ಗಾಜು, ಪಾಲಿಯೆಸ್ಟರ್ ಹಾಳೆ, ಟೇಪು ಮತ್ತು ಅಂಟಿನ ಹೆಸರು, ಕೆಲಸ ಮಾಡಿದ ತಿಂಗಳು ಮತ್ತು ವರ್ಷ ಇವನ್ನು ಪೆನ್ಸಿಲ್ಲಿನಲ್ಲಿ ಬರೆದ ಚೀಟಿ ಪೆಟ್ಟಿಗೆಯೊಳಗಿದೆ, ಕರಡಿಗೆಯೊಳಗಲ್ಲ. ಬೆವರಿದ ಗಾಜು ಮತ್ತು ಮೂಲ ಪಟ್ಟಿಯ ಚೂರುಗಳು ಬೇರೆ ಬೇರೆ ಚೀಲಗಳಲ್ಲಿ, ಪೆಟ್ಟಿಗೆಯ ಹೊರಗೆ, ಅದೇ ಸಂಖ್ಯೆಯ ಗುರುತಿನೊಂದಿಗೆ ಇವೆ. ಎಡಭುಜದ ಚುಕ್ಕೆಗಳ ಹಿಗ್ಗಿಸಿದ ಫೋಟೋವನ್ನೂ ಜೊತೆಗಿಟ್ಟಿದ್ದೇನೆ. ಅವು ಬೆಳೆದಿವೆಯೇ ಎಂದು ವರ್ಷಕ್ಕೊಮ್ಮೆ ಅದರ ಪಕ್ಕದಲ್ಲಿಟ್ಟು ನೋಡಬೇಕು.